ನಾನು ಹೋಗಿ ಕೂರದ ಭಾನುವಾರಗಳು

ನಾನು ಹೋಗಲಿಲ್ಲ. ತಂಗಿ ನನ್ನನ್ನು ಕೇಳಿದ್ದು ಅದೊಂದನ್ನೇ. ಆ ಚಳಿಗಾಲ ಮುಗಿಯುವವರೆಗೆ, ಪ್ರತಿ ಭಾನುವಾರ ಬೆಳಿಗ್ಗೆ ಒಂದು ಪಾರ್ಕಿಂಗ್ ಲಾಟಿಗೆ ಹೋಗಿ, ಒಂದು ಗಂಟೆ ಸುಮ್ಮನೆ ಕುಳಿತು, ಕಂಡದ್ದನ್ನು ಫೋನಿನಲ್ಲಿ ಅವಳಿಗೆ ಹೇಳಬೇಕಿತ್ತು. ಮಿಶಿಗನ್ನಿನ ಲಿವೋನಿಯಾದ ನಮ್ಮ ಮನೆಯಿಂದ ಆ ಜಾಗ ಮೂರು ಮೈಲಿ. ಕೊತ್ತಂಬರಿ ಸೊಪ್ಪಿಗೆ ನಾನು ಅದಕ್ಕಿಂತ ದೂರ ಡ್ರೈವ್ ಮಾಡುತ್ತೇನೆ. ಆದರೂ ಒಂದು ಭಾನುವಾರವೂ ಹೋಗಲಿಲ್ಲ. ಹೋಗಿದ್ದೆನೆಂದು ಹೇಳಿದೆ. ಸೋಫಾದ ಮೇಲೆ ಕಾಲು ಮಡಿಚಿ, ಕಂಬಳಿ ಹೊದ್ದು, ಕಾಣದ್ದನ್ನೆಲ್ಲ ಕಂಡೆನೆಂದು ಹೇಳಿದೆ. ನನ್ನ ಮಾತನ್ನು ನಂಬಿ ಅವಳು ಅಲ್ಲಿ ಜನ ಕೂರುವ ಒಂದು ಚೌಕ ಕಟ್ಟಿದಳು.

ಚಳಿ ಅಂದುಕೊಂಡೆ. ವಾರವೆಲ್ಲ ವೇರ್‌ಹೌಸಿನಲ್ಲಿ ನಿಂತು ಕಾಲು ಬಾತುಕೊಂಡಿದೆ ಅಂದುಕೊಂಡೆ. ಅವೆಲ್ಲ ನನಗೆ ನಾನೇ ಹೇಳಿಕೊಂಡ ನೆಪ. ನಿಜವಾಗಿ ಇದ್ದದ್ದು ಹೊಟ್ಟೆಕಿಚ್ಚು. ಅದನ್ನು ಹೊರಗೆ ತೋರಿಸದೆ ಸಾಕಿಕೊಂಡು ಬಂದವನು ನಾನು, ಹಾಗಾಗಿ ಅದು ಎಲ್ಲಿ ಹುಟ್ಟಿತೆಂಬುದೂ ನನಗೆ ಗೊತ್ತು.

ನಮ್ಮಪ್ಪ ಮೈಸೂರಿನಲ್ಲಿ ಹೈಸ್ಕೂಲು ಡ್ರಾಯಿಂಗ್ ಮೇಷ್ಟ್ರು. ಅವರ ಹತ್ತಿರ ಒಂದು ಮರದ ಪೆಟ್ಟಿಗೆಯಿತ್ತು. ಒಳಗೆ ನೀಲಿ ಮಖಮಲ್ಲು, ಅದರ ಗುಳಿಗಳಲ್ಲಿ ಹಿತ್ತಾಳೆಯ ಕೈವಾರಗಳು. ದೊಡ್ಡವನಾದ್ದರಿಂದ ಅದು ನನಗೇ ಬರುವುದೆಂದು ಚಿಕ್ಕಂದಿನಿಂದ ನಂಬಿದ್ದೆ. ಆದರೆ ಎಸ್ಸೆಸ್ಸೆಲ್ಸಿಯಲ್ಲಿ ಗಣಿತ ಹೋಯಿತು. ಮತ್ತೆ ಕಟ್ಟಿದೆ, ಮತ್ತೆ ಹೋಯಿತು. ಆಮೇಲಿನ ಸಲ ಹಾಲ್ ಟಿಕೆಟ್ ಬಂದರೂ ಪರೀಕ್ಷೆಗೆ ಹೋಗಲಿಲ್ಲ. ಯಾರೂ ನನ್ನ ಓದು ಬಿಡಿಸಲಿಲ್ಲ, ನಾನೇ ಬಿಟ್ಟೆ. ನಮ್ಮ ಬೀದಿಯ ಕೊನೆಯಲ್ಲಿ ಅರಳಿಮರಕ್ಕೆ ಕಟ್ಟೆ ಇತ್ತು. ಬೆಳಿಗ್ಗೆ ತಿಂಡಿ ತಿಂದು ಹೋಗಿ ಅಲ್ಲಿ ಕುಳಿತರೆ ಮಧ್ಯಾಹ್ನ ಊಟಕ್ಕೇ ಏಳುತ್ತಿದ್ದೆ. ಅಮ್ಮ ಬಾಗಿಲಲ್ಲಿ ನಿಂತು ಬೀದಿಗೆಲ್ಲ ಕೇಳುವಂತೆ ಕೂಗುತ್ತಿದ್ದರು: "ಅಲ್ಲೇ ಹಾಸಿಗೆ ಹಾಸ್ಕೊಡ್ಲೇನೋ? ತಲೆದಿಂಬೂ ಬೇಕಾ?"

ಅಪ್ಪ ಬೈಯಲಿಲ್ಲ. ತಂಗಿ ಏಳನೇ ಕ್ಲಾಸಿನಲ್ಲಿದ್ದಾಗ ಒಂದು ಸಂಜೆ ಪೆಟ್ಟಿಗೆಯನ್ನು ಒರೆಸಿ ಅವಳ ಕೈಗೆ ಕೊಟ್ಟರು. ನಾನು ನೋಡುತ್ತಿದ್ದೇನೆಂದು ಅವರಿಗೆ ಗೊತ್ತಿತ್ತು.

ಅವಳು ಆರ್ಕಿಟೆಕ್ಚರ್ ಓದಿದಳು. ಸ್ಕಾಲರ್‌ಶಿಪ್ ಸಿಕ್ಕಿ ಇಟಲಿಯ ಮಿಲಾನಿಗೆ ಹೋದಳು. ಮೊದಲ ರಜೆಗೆ ಬಂದಾಗ ಊಟಕ್ಕೆ ಕುಳಿತು ಅಲ್ಲಿಯ ಕಥೆ ಹೇಳಿದಳು. ಅವರಿಗೆ ಪಾಠ ಮಾಡುವ ವಯಸ್ಸಾದ ಹೆಂಗಸೊಬ್ಬರು, ಕ್ಲಾಸಿನವರನ್ನೆಲ್ಲ ಊರ ನಡುವಿನ ಒಂದು ಚೌಕಕ್ಕೆ ಕರೆದೊಯ್ದು, ಪೆನ್ಸಿಲು ಕಾಗದ ಎಲ್ಲ ಕಿತ್ತುಕೊಂಡು, ಬೆಳಗಿನಿಂದ ಸಂಜೆವರೆಗೆ ಕೂರಿಸಿದರಂತೆ. ಯಾರು ಎಲ್ಲಿಂದ ಬರುತ್ತಾರೆ, ಎಲ್ಲಿ ನಿಲ್ಲುತ್ತಾರೆ, ಬಿಸಿಲು ಸರಿದಂತೆ ಮುದುಕರು ಹೇಗೆ ಸರಿಯುತ್ತಾರೆ, ಅಷ್ಟನ್ನೇ ನೋಡಬೇಕು. ಗೆರೆ ಎಳೆಯುವುದು ಆಮೇಲೆ. ಅಪ್ಪ ತುತ್ತನ್ನು ಕೈಯಲ್ಲೇ ಹಿಡಿದು ಕೇಳುತ್ತಿದ್ದರು. "ಆಹಾ, ಎಂಥಾ ಮೇಷ್ಟ್ರು!" ಎಂದರು.

ನಾನು ಕಲಸಿದ ಮಜ್ಜಿಗೆ ಅನ್ನ ಬಿಟ್ಟು ಎದ್ದುಹೋದೆ. ನಾನು ಕೂತರೆ ಸೋಮಾರಿ, ಅವಳು ಕೂತರೆ ವಿದ್ಯೆ. ಈ ಮಾತನ್ನು ಆ ರಾತ್ರಿ ಮನಸ್ಸಿನಲ್ಲಿ ಮಸೆದಿಟ್ಟುಕೊಂಡೆ. ಇಷ್ಟು ವರ್ಷವಾದರೂ ಅದು ಮೊಂಡಾಗಲಿಲ್ಲ.

ಮುಂದೆ ಅವಳು ಷಿಕಾಗೋಗೆ ಬಂದಳು, ಅದರ ಪಕ್ಕದ ಶಾಮ್‌ಬರ್ಗಿನಲ್ಲಿ ಮನೆ ಮಾಡಿದಳು, ಇಲ್ಲಿಯ ಪ್ರಜೆಯಾದಳು, ಒಡಹುಟ್ಟಿದವನೆಂದು ನನ್ನ ಹೆಸರಿಗೆ ಗ್ರೀನ್ ಕಾರ್ಡಿಗೆ ಅಪ್ಲೈ ಮಾಡಿದಳು. ನಾನು ಅದನ್ನು ಮರೆತೇಬಿಟ್ಟಿದ್ದೆ. ಜೆರಾಕ್ಸ್ ಅಂಗಡಿ ನಡೆಸಿಕೊಂಡು, ಮದುವೆಯಾಗಿ, ಮಗಳು ಸ್ಕೂಲಿಗೆ ಹೋಗುವಷ್ಟಾದ ಮೇಲೆ ವೀಸಾದ ಕರೆ ಬಂತು. ಹೆಂಡತಿಯ ಕಡೆಯವರು ಲಿವೋನಿಯಾದಲ್ಲಿದ್ದರು. ಅವರ ಮೂಲಕ ಕಾರಿನ ಬಿಡಿಭಾಗಗಳನ್ನು ಡಬ್ಬಕ್ಕೆ ತುಂಬುವ ವೇರ್‌ಹೌಸಿನಲ್ಲಿ ಕೆಲಸವಾಯಿತು. ಒಳ್ಳೆಯ ಕೆಲಸವೇ. ಆದರೆ ಈ ದೇಶದಲ್ಲಿ ನಾನು ನಿಂತ ನೆಲ ಅವಳು ಹಾಸಿಕೊಟ್ಟದ್ದು ಎಂಬುದನ್ನು ಯಾರೂ ಮರೆಯಲು ಬಿಡುತ್ತಿರಲಿಲ್ಲ. ಮುಖ್ಯವಾಗಿ ನಾನೇ ಬಿಡುತ್ತಿರಲಿಲ್ಲ. ಹೆಂಡತಿ ಹಬ್ಬಕ್ಕೆ ಒಬ್ಬಟ್ಟು ಮಾಡಿದರೆ, ಮೊದಲ ನಾಲ್ಕನ್ನು ಸುತ್ತಿ "ಇದು ನಿಮ್ಮ ತಂಗಿಗೆ" ಎಂದು ತೆಗೆದಿಡುತ್ತಿದ್ದಳು. ಮಗಳಿಗೆ ಅತ್ತೆ ಅಂದರೆ ಪ್ರಾಣ. ಅತ್ತೆ ಹಾಕುವಂಥ ಕಪ್ಪು ಕೋಟೇ ಬೇಕು, ಅತ್ತೆಯ ಥರ ಕೂದಲು ಕತ್ತರಿಸಬೇಕು.

ಒಂದು ಸಲ ನಮ್ಮ ಹತ್ತಿರದ ಟ್ರಾಯ್ ಊರಿನಲ್ಲಿ ನಮ್ಮ ಕನ್ನಡದವರ ಕೂಟದಲ್ಲಿ ಅವಳ ಭಾಷಣವಿತ್ತು. ಇಟಲಿಯ ಈಚಿನ ಕಾಲದ ಆರ್ಕಿಟೆಕ್ಟ್‌ಗಳ ಬಗ್ಗೆ. ಬಿಸಿಬೇಳೆಬಾತಿಗೆ ಮುಂಚೆ ಅರ್ಧ ಗಂಟೆ ಕೊಟ್ಟಿದ್ದರು. ಹಿಂದಿನ ಸಾಲಿನಲ್ಲಿ ಕುಳಿತು ಕೇಳಿದೆ. ಬೇಡವೆಂದರೂ ಕಿವಿಗೆ ಬಿತ್ತು, ಬಿದ್ದದ್ದು ಉಳಿಯಿತು. ಅಲ್ಲಿಯವರಿಗೆ ಹಳೆಯ ಗೋಡೆ ಸಿಕ್ಕರೆ ಹಬ್ಬವಂತೆ. ಕೆಡವದೆ, ಬಣ್ಣ ಬಳಿದು ಮುಚ್ಚದೆ, ಹಳೆಯದು ಎಲ್ಲಿ ನಿಂತಿತು ಹೊಸದು ಎಲ್ಲಿ ಶುರುವಾಯಿತು ಎಂಬ ಗೆರೆ ಕಾಣುವಂತೆ ಬಿಟ್ಟು ಕಟ್ಟಿದವರೊಬ್ಬರು. ಊರೆಂದರೆ ಅಲ್ಲಿಯವರ ನೆನಪು, ಮನೆಗಳು ಬದಲಾದರೂ ಬೀದಿಯ ಆಕಾರ ಅದನ್ನು ಹಿಡಿದಿಟ್ಟಿರುತ್ತದೆ ಎಂದವರೊಬ್ಬರು. ಎತ್ತರದ ಕಟ್ಟಡದ ಬಾಲ್ಕನಿಗಳಲ್ಲಿ ಮರಗಳನ್ನೇ ನೆಟ್ಟವರೊಬ್ಬರು. ಊರಂಚಿನ ಸಪ್ಪೆ ಬಡಾವಣೆಗಳನ್ನು ಒಡೆದು ಹಾಕಬೇಡಿ, ಹರಿದ ಬಟ್ಟೆಗೆ ರಫು ಹಾಕುವ ಹಾಗೆ ಸಣ್ಣ ಸಣ್ಣ ಹೊಲಿಗೆ ಹಾಕಿ ಎನ್ನುವವರು ಇನ್ನೊಬ್ಬರು. "ಇವ್ರೆಲ್ಲ ಒಬ್ಬರನ್ನ ಕಂಡ್ರೆ ಒಬ್ಬರಿಗೆ ಆಗದೇ ಇರೋರೇ. ಆದ್ರೆ ಒಂದು ವಿಷಯದಲ್ಲಿ ಒಂದೇ," ಎಂದಳು. "ಕಟ್ಟಡ ಎಷ್ಟು ಮುಖ್ಯಾನೋ, ಕಟ್ಟಡಗಳ ಮಧ್ಯೆ ಬಿಟ್ಟ ಖಾಲಿ ಜಾಗಾನೂ ಅಷ್ಟೇ ಮುಖ್ಯ. ಊರು ನಡೆಯೋದು ಅಲ್ಲಿ."

ಮುಂದಿನ ಸಾಲಿನ ಅಂಕಲ್ ಒಬ್ಬರು ಕೈಯೆತ್ತಿದರು. "ಎಲ್ಲಾ ಸರಿನಮ್ಮಾ, ಕಾರು ಎಲ್ಲಿ ನಿಲ್ಸೋದು?"

ಎಲ್ಲರೂ ನಕ್ಕರು. ಎಲ್ಲರಿಗಿಂತ ಜೋರಾಗಿ ನಾನು ನಕ್ಕೆ. ಅವಳೂ ನಕ್ಕು, "ಅಂಕಲ್, ಆ ಪ್ರಶ್ನೆಗೆ ಉತ್ತರ ಹುಡುಕಿದ್ರೆ ಇಟಲಿಯವ್ರು ನನ್ನನ್ನೂ ತಮ್ಮವಳು ಅಂತ ಸೇರಿಸ್ಕೋತಾರೆ," ಎಂದಳು. ಊಟದ ಸಾಲಿನಲ್ಲಿ ಆಂಟಿಯೊಬ್ಬರು ನನ್ನನ್ನು ಹಿಡಿದುಕೊಂಡರು.

"ನೀವು ಅವ್ರ ಅಣ್ಣ ಅಂತೆ? ನೀವೂ ಆರ್ಕಿಟೆಕ್ಟೇನಾ?"

"ಇಲ್ಲ. ವೇರ್‌ಹೌಸು."

"ಓ, ಡಿಸೈನ್ ಮಾಡ್ತೀರಾ?"

"ಇಲ್ಲ ಆಂಟಿ, ಒಳಗೆ ನಿಂತ್ಕೊಂಡು ಡಬ್ಬ ತುಂಬ್ತೀನಿ."

ಅವರು ಪಾಪದವರು, ಏನು ಹೇಳಬೇಕೋ ತಿಳಿಯದೆ ನನ್ನ ತಟ್ಟೆಗೆ ಇನ್ನೊಂದು ಹಪ್ಪಳ ಹಾಕಿದರು.

ಅದಾದ ಮೇಲೇ ಆ ಕೆಲಸ ಬಂದದ್ದು. ನಮ್ಮ ಪಕ್ಕದ ಊರಿನಲ್ಲಿ ಮುಚ್ಚಿಹೋದ ಒಂದು ದೊಡ್ಡ ಅಂಗಡಿ, ಅದರ ಮುಂದೆ ಟಾರು ಬಿರುಕುಬಿಟ್ಟ ಪಾರ್ಕಿಂಗ್ ಲಾಟ್. ಒಂದು ಬದಿಗೆ ದಿನಸಿ ಅಂಗಡಿ ಇನ್ನೂ ನಡೆಯುತ್ತಿತ್ತು. ಹಿಂದೆ ತಂತಿಬೇಲಿ, ಬೇಲಿಯಾಚೆ ಅಪಾರ್ಟ್‌ಮೆಂಟುಗಳು. ಲಾಟಿನ ಅರ್ಧವನ್ನು ಜನ ಬಂದು ಕೂರುವ ಚೌಕ ಮಾಡಬೇಕೆಂದು ಊರಿನವರು ತೀರ್ಮಾನಿಸಿದರು, ಕೆಲಸ ಅವಳ ಆಫೀಸಿಗೆ ಬಂತು, ಆಫೀಸು ಅದನ್ನು ಅವಳಿಗೇ ಬಿಟ್ಟಿತು. ಪೂರ್ತಿ ಅವಳದೇ ಎನ್ನುವಂಥ ಮೊದಲ ಕೆಲಸ. ಜಾಗ ನೋಡಲು ಬಂದವಳು ನಮ್ಮಲ್ಲೇ ಉಳಿದಳು. ಬೆಳಿಗ್ಗೆ ಕಾಫಿ ಕುಡಿಯುತ್ತ ಕೇಳಿದಳು:

"ಅಣ್ಣಾ, ನನಗೊಂದು ಸಹಾಯ ಮಾಡ್ತೀಯಾ? ಬಿಸಿಲು ಎಲ್ಲಿ ಬೀಳತ್ತೆ ಅಂತ ಕಂಪ್ಯೂಟರ್ ಹೇಳತ್ತೆ. ಜನ ಎಲ್ಲಿ ನಿಲ್ತಾರೆ ಅಂತ ಹೇಳಲ್ಲ. ನಾನು ಬರೋದು ಮೀಟಿಂಗ್ ಇದ್ದಾಗ, ಅದೂ ವರ್ಕಿಂಗ್ ಡೇ. ನೀನು ಭಾನುವಾರ ಹೋಗಿ ಒಂದು ಗಂಟೆ ಕೂತ್ಕೊಂಡು ನೋಡಿ ಹೇಳು."

"ಯಾಕೆ, ನಿಮ್ಮ ಆಫೀಸಲ್ಲಿ ಯಾರೂ ಇಲ್ವಾ?"

"ಇದಾರೆ. ಆದ್ರೆ ಕೂರೋದು ಎಲ್ಲರಿಗೂ ಬರಲ್ಲ. ನಿನ್ನಷ್ಟು ಚೆನ್ನಾಗಿ ಕೂರೋರು ಯಾರಿದಾರೆ ಹೇಳು? ಅರಳೀಕಟ್ಟೆ ಮೇಲೆ ನಿನ್ನ ನೋಡೇ ಅಲ್ವಾ ನಾನು ಕಲ್ತಿದ್ದು."

ಹೆಂಡತಿ ಬಾಯಿಗೆ ಸೆರಗು ಹಿಡಿದು ನಕ್ಕಳು. ಮಗಳು ಫೋನಿನಿಂದ ತಲೆಯೆತ್ತಿ, "ವೇಟ್, ಡ್ಯಾಡ್ ಯೂಸ್ಡ್ ಟು ಜಸ್ಟ್ ಸಿಟ್?" ಎಂದಳು. ನನ್ನ ಕಿವಿ ಬಿಸಿಯಾಯಿತು. ಚುಚ್ಚಲೆಂದೇ ಹೇಳಿದಳೆಂದು ನನಗೆ ಅನುಮಾನವೇ ಇರಲಿಲ್ಲ. ಇಡೀ ಸಂಸಾರದ ಎದುರು, ನನ್ನ ಮನೆಯ ಕಾಫಿ ಕುಡಿಯುತ್ತ.

"ಆಯ್ತು, ಹೋಗ್ತೀನಿ," ಎಂದೆ. ಹೇಳುವಾಗಲೇ ಹೋಗುವುದಿಲ್ಲವೆಂದು ಗೊತ್ತಿತ್ತು.

ಭಾನುವಾರ ಅವಳಿಗೆ ಹತ್ತು ಗಂಟೆಯಾದಾಗ ನಮಗೆ ಹನ್ನೊಂದು. ಆಗ ಫೋನು ಬರುತ್ತಿತ್ತು. ಮೊದಲ ಸಲ ಎರಡೇ ಮಾತಿನಲ್ಲಿ ಮುಗಿಸಿದೆ: ಚಳಿ, ಯಾರೂ ಇರಲಿಲ್ಲ. ಅವಳು ಬಿಡಲಿಲ್ಲ. "ಯಾರೂ ಇಲ್ಲ ಅಂದ್ರೆ? ಒಬ್ಬರೂ ನಡ್ಕೊಂಡು ಹೋಗ್ಲಿಲ್ವಾ? ಯಾವ ಕಡೆಯಿಂದ ಯಾವ ಕಡೆಗೆ?" ಮುಂದಿನ ವಾರ ಒಬ್ಬ ಮುದುಕನನ್ನು ಹುಟ್ಟಿಸಿದೆ. ಬಸ್ ಸ್ಟಾಪಿನಿಂದ ಬರುತ್ತಾನೆ, ಬಲಗಡೆಯ ಮೂಲೆಯಲ್ಲಿ ನಿಂತು ಜೇಬಿನಿಂದ ಕಡಲೆಕಾಯಿ ತೆಗೆದು ಸುಲಿದು ತಿಂದು ಹೋಗುತ್ತಾನೆ. ಅವನು ಮೈಸೂರಿನವನು. ನಮ್ಮ ಅರಳಿಕಟ್ಟೆಯ ಮೇಲೆ ಹಾಗೆ ಸುಲಿಯುತ್ತ ಕೂರುತ್ತಿದ್ದ ಪೆನ್ಷನ್ ತಾತನನ್ನು ಎತ್ತಿ ತಂದು ಮಿಶಿಗನ್ನಿನ ಹಿಮದಲ್ಲಿ ನಿಲ್ಲಿಸಿದ್ದೆ. ಆಮೇಲೆ ಅವನಿಗೊಂದು ನಾಯಿ ಕೊಟ್ಟೆ. ನಾಯಿಯ ಜೊತೆ ಮಾತಾಡಲು ಅದೇ ಮೂಲೆಗೆ ಬರುವ ಹೆಂಗಸನ್ನು ಕೊಟ್ಟೆ.

ಅವಳು ಉಸಿರು ಬಿಗಿಹಿಡಿದು ಕೇಳುತ್ತಿದ್ದಳು. ಅದನ್ನೂ ಹೇಳಿಬಿಡಬೇಕು. ಹುಟ್ಟಿದಾಗಿನಿಂದ ಅವಳು ಹೇಳುವುದು ಮನೆಯವರೆಲ್ಲ ಕೇಳುವುದು. ಈಗ ನಾನು ಹೇಳುತ್ತಿದ್ದೆ, ಅವಳು ಕೇಳುತ್ತಿದ್ದಳು. ಆ ರುಚಿ ಹತ್ತಿತು. ಭಾನುವಾರ ಬೆಳಿಗ್ಗೆ ಎದ್ದು, ಇವತ್ತು ಯಾರನ್ನು ಆ ಲಾಟಿಗೆ ಕಳಿಸಲಿ ಎಂದು ಯೋಚಿಸುತ್ತಿದ್ದೆ. ಅಷ್ಟು ಯೋಚಿಸುವ ಹೊತ್ತಿನಲ್ಲಿ ಹೋಗಿಬರಬಹುದಿತ್ತು.

ಒಮ್ಮೆ ಕೇಳಿದಳು: "ಹಿಂದ್ಗಡೆ ಬೇಲಿ ಇದ್ಯಲ್ಲಾ ಅಣ್ಣಾ, ಆ ಕಡೆಯಿಂದ ಯಾರಾದ್ರೂ ಬರ್ತಾರಾ?"

"ಇಲ್ಲ, ಯಾರೂ ಬರಲ್ಲ."

"ಖಂಡಿತಾನಾ?"

"ನೋಡ್ತಾ ಕೂತಿದೀನಲ್ಲಾ."

ಇನ್ನೊಂದು ಸಲ, "ಪ್ಲೌ ಟ್ರಕ್ಕು ಸ್ನೋನ ಎಲ್ಲಿಗೆ ತಳ್ಳತ್ತೆ?" ಎಂದು ಕೇಳಿದಳು. ರಸ್ತೆಯ ಕಡೆಗೆ ಎಂದೆ. ಎಲ್ಲರೂ ರಸ್ತೆಯ ಕಡೆಗೇ ತಳ್ಳುತ್ತಾರೆ ಎಂದು ನನ್ನ ಎಣಿಕೆ.

ಮುಂದಿನ ಬೇಸಿಗೆಗೆ ಚೌಕ ಸಿದ್ಧವಾಯಿತು. ಚೆನ್ನಾಗಿತ್ತು, ಸುಳ್ಳು ಹೇಳಲಾರೆ. ಮುಚ್ಚಿದ ಅಂಗಡಿಯ ಇಟ್ಟಿಗೆ ಗೋಡೆಯನ್ನು ಒಂದಾಳೆತ್ತರಕ್ಕೆ ಹಾಗೇ ಉಳಿಸಿದ್ದಳು, ಹೊಸ ಇಟ್ಟಿಗೆ ಅದಕ್ಕೆ ಸೇರುವಲ್ಲಿ ಬೆರಳಷ್ಟು ಸಂದು ಬಿಟ್ಟಿದ್ದಳು. ಹಿಂದಿನ ತಂತಿಬೇಲಿ ತೆಗೆಸಿ ಸೊಂಟದೆತ್ತರದ ಗೋಡೆ. ಬಲಗಡೆಯ ಮೂಲೆಯಲ್ಲಿ, ನನ್ನ ಮುದುಕ ಕಡಲೆಕಾಯಿ ಸುಲಿದ ಜಾಗದಲ್ಲಿ, ಉದ್ದನೆಯ ಕಲ್ಲು ಬೆಂಚು, ಬೆನ್ನಿಗೆ ಒರಗು. ತೆರೆಯುವ ದಿನ ಮೈಕಿನ ಮುಂದೆ ನಿಂತು ಅವಳು, "ಚಳಿಗಾಲವೆಲ್ಲ ನನಗೋಸ್ಕರ ಇಲ್ಲಿ ಕುಳಿತು ನೋಡಿದವನು ನನ್ನ ಅಣ್ಣ," ಎಂದು ಇಂಗ್ಲಿಷಿನಲ್ಲಿ ಹೇಳಿ ನನ್ನ ಕಡೆ ಕೈ ತೋರಿಸಿದಳು. ಜನ ಚಪ್ಪಾಳೆ ತಟ್ಟಿದರು. ಮಗಳು ನನ್ನ ತೋಳು ಹಿಡಿದು ಕುಣಿದಳು. ನಾನು ಆ ಜಾಗದಲ್ಲಿ ಕಾಲಿಟ್ಟದ್ದು ಅದೇ ಮೊದಲು.

ಹಿಮ ಬಿದ್ದಾಗ ಗೊತ್ತಾಯಿತು. ಉಳಿದರ್ಧ ಲಾಟಿನ ಹಿಮವನ್ನೆಲ್ಲ ಟ್ರಕ್ಕು ಬಲಗಡೆಯ ಮೂಲೆಗೇ ತಳ್ಳುತ್ತಿತ್ತು. ಮೊದಲಿನಿಂದಲೂ ಅಲ್ಲಿಗೇ ತಳ್ಳುತ್ತಿದ್ದದ್ದಂತೆ, ನೀರು ಇಳಿದುಹೋಗುವ ಜಾಲರಿ ಇದ್ದದ್ದು ಅಲ್ಲೇ. ಕಲ್ಲು ಬೆಂಚು ಕರಿಹಿಡಿದ ಹಿಮದ ಗುಡ್ಡದೊಳಗೆ ಹೂತುಹೋಯಿತು. ಹಿಮ ಕರಗಿದ ಮೇಲೂ ಅಲ್ಲಿ ಯಾರೂ ಕೂರಲಿಲ್ಲ. ಚೌಕ ದಂಡವೆಂದು ದೂರುಗಳು ಬಂದವು. ಎರಡನೇ ಚಳಿಗಾಲಕ್ಕೆ, ಚೌಕ ತೆಗೆದು ಮತ್ತೆ ಕಾರು ನಿಲ್ಲಿಸಲು ಬಿಡೋಣವೇ ಎಂದು ಊರಿನವರು ಮೀಟಿಂಗ್ ಕರೆದರು.

ಮೀಟಿಂಗಿಗೆ ಮುಂಚಿನ ಭಾನುವಾರ ಫೋನಿನಲ್ಲಿ ಅವಳ ದನಿ ಸಣ್ಣಗಿತ್ತು. "ತೆಗೀರಿ ಅಂತ ಹೇಳ್ಬಿಡ್ತೀನಿ ಅಣ್ಣಾ. ಇಲ್ಲಿ ಜನ ಕೂರಲ್ಲ. ಆ ಮೇಷ್ಟ್ರು ಹೇಳ್ಕೊಟ್ಟಿದ್ದೆಲ್ಲ ಅಲ್ಲಿಗೇ ಸರಿ. ಇನ್ನು ಮೇಲೆ ಯಾರನ್ನೂ ಕೂರಿಸೋದು, ನೋಡೋದು, ಏನೂ ಬೇಡ. ಎಲ್ಲರೂ ಮಾಡೋ ಹಾಗೆ ಮಾಡ್ತೀನಿ."

ಮೊದಲು ನನಗಾದದ್ದು ಸಂತೋಷ. ಬರೆಯಲು ನಾಚಿಕೆಯಾದರೂ ಅದು ಹಾಗೇ. ಮಿಲಾನು, ಮಖಮಲ್ಲಿನ ಪೆಟ್ಟಿಗೆ, ಅಪ್ಪನ ಕೈಯಲ್ಲಿ ನಿಂತ ತುತ್ತು, ಎಲ್ಲದಕ್ಕೂ ಒಟ್ಟಿಗೆ ಬಾಕಿ ಬಡ್ಡಿ ಸಮೇತ ವಸೂಲಾದಂತಿತ್ತು.

"ನೀನು ಬೇಜಾರು ಮಾಡ್ಕೋಬೇಡ," ಎಂದಳು. "ಸರ್ವೇ ಯಾರು ಮಾಡಿದ್ದು ಅಂತ ಆಫೀಸಲ್ಲಿ ಕೇಳಿದ್ರು. ನಾನೇ ಅಂದೆ. ನೀನು ಸರಿಯಾಗೇ ನೋಡಿದ್ದೆ. ಕಟ್ಟೋವಾಗ ನಾನೇ ಎಲ್ಲೋ ಕೆಡಿಸಿದೆ."

ಫೋನು ಇಟ್ಟಮೇಲೆ ಆ ಸಂತೋಷ ಬಾಯಲ್ಲಿ ಕಹಿಯಾಯಿತು. ಹೆಂಡತಿಗೆ ಏನೂ ಹೇಳದೆ ಕೋಟು ಹಾಕಿಕೊಂಡು ಹೊರಟೆ. ಹೊರಗೆ ಇಲ್ಲಿಯ ಫ್ಯಾರನ್‌ಹೀಟ್ ಲೆಕ್ಕದಲ್ಲಿ ಹನ್ನೆರಡು ಡಿಗ್ರಿ, ನೀರು ಹೆಪ್ಪುಗಟ್ಟುವುದಕ್ಕಿಂತ ಎಷ್ಟೋ ಕೆಳಗೆ, ಗಾಳಿ ಬೇರೆ. ದಿನಸಿ ಅಂಗಡಿಯ ಗೋಡೆಗೆ ಆನಿಸಿದ ಒಂದು ಪ್ಲಾಸ್ಟಿಕ್ ಡಬ್ಬವನ್ನು ಬೋರಲು ಹಾಕಿ ಕುಳಿತೆ. ಎಡಗಡೆ, ಅಂಗಡಿಯ ಬಿಸಿಗಾಳಿ ಹೊರಬರುವ ಕಡೆ. ಸ್ವಲ್ಪ ಹೊತ್ತಿಗೆ ಅಪಾರ್ಟ್‌ಮೆಂಟಿನ ಕಡೆಯಿಂದ ಕೈಗಾಡಿ ಎಳೆದುಕೊಂಡು ಒಬ್ಬ ಹೆಂಗಸು ಬಂದಳು. ಸೊಂಟದೆತ್ತರದ ಗೋಡೆಯ ಹತ್ತಿರ ನಿಂತು, ಗಾಡಿಯನ್ನು ಎತ್ತಿ ಈಚೆಗಿಡಲು ನೋಡಿ, ಆಗದೆ, ರಸ್ತೆ ಸುತ್ತಿಕೊಂಡು ಹೊರಟಳು. ಆಮೇಲೆ ಒಬ್ಬ ಹುಡುಗಿ ಗೋಡೆ ಹಾರಿ ಬಂದಳು. ಆಮೇಲೆ ಊರುಗೋಲಿನವನೊಬ್ಬ, ಅವನೂ ಸುತ್ತಿದ. ಅಂಗಡಿಯಿಂದ ಹೊರಬಂದವರು ನಿಲ್ಲುತ್ತಿದ್ದದ್ದು ನಾನು ಕುಳಿತಿದ್ದ ಕಡೆ, ಬಿಸಿಗಾಳಿಯ ಹತ್ತಿರ. ಕೈಗವಸು ಹಾಕಿಕೊಳ್ಳುತ್ತ ಎರಡು ಮಾತಾಡಿ ಹೋಗುತ್ತಿದ್ದರು. ಕೈಗಾಡಿಯ ಹೆಂಗಸು ಸುತ್ತಿ ಬಂದು ನನ್ನ ಪಕ್ಕದಲ್ಲೇ ನಿಂತು ದಮ್ಮು ತೆಗೆದುಕೊಂಡಳು.

"ಅಲ್ಲಿ ಬೇಲಿಯಲ್ಲಿ ಒಂದು ಕಿಂಡಿ ಇತ್ತು," ಎಂದಳು, ಇಂಗ್ಲಿಷಿನಲ್ಲಿ, ನಾನು ಏನೂ ಕೇಳದೆಯೇ. "ನಾವೆಲ್ಲ ಅದರಲ್ಲೇ ಬರುತ್ತಿದ್ದೆವು."

ಜನ ಕೂರುವುದಿಲ್ಲವೆಂಬುದು ಸುಳ್ಳು. ಕೂರಲು ಜಾಗವಿಲ್ಲದೆ ನಿಂತಿದ್ದರು. ಒಂದೇ ಒಂದು ಭಾನುವಾರ, ಒಂದೇ ಗಂಟೆ ಸಾಕಾಗಿತ್ತು.

ಮೀಟಿಂಗಿನ ದಿನ ಮಧ್ಯಾಹ್ನ ಅವಳು ಶಾಮ್‌ಬರ್ಗಿನಿಂದ ಡ್ರೈವ್ ಮಾಡಿಕೊಂಡು ಬಂದಳು. ದಾರಿಯುದ್ದಕ್ಕೂ ಹಿಮವಂತೆ, ಮುಖ ಇಳಿದಿತ್ತು. ಹೆಂಡತಿ ಕೊಟ್ಟ ಉಪ್ಪಿಟ್ಟನ್ನು ಕೆದಕಿ ಬಿಟ್ಟಳು. ಮೀಟಿಂಗಿಗೆ ನಾನೂ ಬರುತ್ತೇನೆಂದೆ, ಮೊದಲು ಚೌಕಕ್ಕೆ ಹೋಗೋಣವೆಂದೆ.

"ಯಾಕೆ ಅಣ್ಣಾ? ಅದನ್ನ ನೋಡೋಕೆ ನನಗೆ ಆಗಲ್ಲ."

"ನೋಡೋಕಲ್ಲ, ಬಾ."

ಅವಳನ್ನು ಎಡಗಡೆಗೆ, ಬಿಸಿಗಾಳಿಯ ಹತ್ತಿರ ಕರೆದುಕೊಂಡು ಹೋದೆ. ನಾನು ಬೋರಲು ಹಾಕಿದ್ದ ಡಬ್ಬ ಅಲ್ಲೇ ಇತ್ತು. ಅವಳನ್ನು ಅದರ ಮೇಲೆ ಕೂರಿಸಿ ಮುಂದೆ ನಿಂತೆ. ಎದುರಿಗೆ, ಆ ಮೂಲೆಯಲ್ಲಿ ಹಿಮದ ಗುಡ್ಡ, ಒಳಗೆಲ್ಲೋ ಅವಳ ಬೆಂಚು. ಕೈಗಾಡಿಯ ಹೆಂಗಸಿನದು, ಕಿಂಡಿಯದು, ಇಲ್ಲಿ ನಿಲ್ಲುವ ಜನರದು, ಎಲ್ಲ ಹೇಳಿದೆ. ಅವಳ ಕಣ್ಣು ಗೋಡೆಗೆ ಹೋಯಿತು, ಅಂಗಡಿಯ ಬಾಗಿಲಿಗೆ ಬಂತು, ಮತ್ತೆ ಗೋಡೆಗೆ ಹೋಯಿತು. ಒಳಗೇ ಗೆರೆ ಎಳೆಯಲು ಶುರುಮಾಡಿದ್ದಳು. ಆಮೇಲೆ ಕಣ್ಣು ನನ್ನ ಮೇಲೆ ಬಂದು ನಿಂತಿತು.

"ಇದನ್ನೆಲ್ಲ ಆಗ ಯಾಕೆ ಹೇಳ್ಲಿಲ್ಲ? ಆ ತಾತ, ನಾಯಿ...?"

ನನಗಿಂತ ಚಿಕ್ಕವಳ ಎದುರು ಆ ಮಾತನ್ನು ನಾನು ಜನ್ಮದಲ್ಲಿ ಆಡಿರಲಿಲ್ಲ. ಆದರೂ ಅಂಗಡಿಯಿಂದ ಹೊರಬಂದವರು ತಿರುಗಿ ನೋಡುವಷ್ಟು ಜೋರಾಗಿಯೇ ಬಂತು.

"ತಾತನೂ ಇರ್ಲಿಲ್ಲ, ನಾಯೀನೂ ಇರ್ಲಿಲ್ಲ ಕಣೇ. ನಾನು ಒಂದಿನಾನೂ ಬಂದು ಕೂರ್ಲಿಲ್ಲ. ಮನೇಲಿ ಕೂತ್ಕೊಂಡು ಕಥೆ ಕಟ್ಟಿ ಹೇಳ್ದೆ. ನಿನ್ನ ಕಂಡ್ರೆ ಹೊಟ್ಟೆಕಿಚ್ಚು ನನಗೆ, ನೀನು ಚಿಕ್ಕೋಳಿದ್ದಾಗಿಂದ. ನಿಮ್ಮ ಮೇಷ್ಟ್ರು ಸರಿಯಾಗೇ ಹೇಳ್ಕೊಟ್ಟಿದಾರೆ, ನೀನೂ ಸರಿಯಾಗೇ ಕಟ್ಟಿದೀಯ. ಕೆಡಿಸಿದ್ದು ನಾನು. ಮೀಟಿಂಗಲ್ಲೂ ಇದನ್ನೇ ಹೇಳ್ತೀನಿ. ತಪ್ಪಾಯ್ತು. ನನ್ನ ಕ್ಷಮಿಸ್ಬಿಡು."